ಹುಟ್ಟಿದ ನೆಲದ ಋಣವೇ ಗುರುತ್ವವಾದರೆ

ನಿಮ್ಮ ಪ್ರಶ್ನೆಯನ್ನು ನಾನು ಹೀಗೆ ಅರ್ಥಮಾಡಿಕೊಂಡಿದ್ದೇನೆ: ನೀವು ಬರೆಯುತ್ತಿರುವ ಕಾದಂಬರಿಯ ಲೋಕದಲ್ಲಿ ವಸ್ತುಗಳು ಕೆಳಗೆ ಬೀಳುವುದು ಋಣದಿಂದ. ಪ್ರತಿಯೊಂದು ವಸ್ತುವೂ ತಾನು ಹುಟ್ಟಿದ ನೆಲಕ್ಕೆ ಋಣಿಯಾಗಿರುತ್ತದೆ. ಆ ನೆಲದಿಂದ ದೂರ ಹೋದಷ್ಟೂ, ಅದನ್ನು ಬಿಟ್ಟು ಹೆಚ್ಚು ಕಾಲ ಕಳೆದಷ್ಟೂ ಅದರ ಭಾರ ಏರುತ್ತದೆ. ಭೌತಶಾಸ್ತ್ರ ಬಲ್ಲ ಓದುಗರು ಇದನ್ನು ಓದಿ ನಕ್ಕುಬಿಡುತ್ತಾರೆಯೇ ಎಂಬುದು ನಿಮ್ಮ ಅಳುಕು.

ನಗಲು ಕಾರಣವಿಲ್ಲ. ಮಣ್ಣಿನ ಅಂಶವುಳ್ಳ ವಸ್ತು ತನ್ನ ಸಹಜ ಸ್ಥಾನವನ್ನು ಅರಸಿ ಕೆಳಕ್ಕೂ ಬೆಂಕಿ ತನ್ನ ಸ್ಥಾನವನ್ನು ಅರಸಿ ಮೇಲಕ್ಕೂ ಹೋಗುತ್ತದೆ ಎಂದು ಅರಿಸ್ಟಾಟಲ್ ಹೇಳಿದ್ದನ್ನು ವಿದ್ವಾಂಸರು ಸುಮಾರು ಎರಡು ಸಾವಿರ ವರ್ಷ ಗಂಭೀರವಾಗಿಯೇ ಕಲಿಸಿದರು. ನಿಮ್ಮ ಸಿದ್ಧಾಂತ ಅದರ ದಾಯಾದಿ. ಆದ್ದರಿಂದಲೇ, ಗೆಲಿಲಿಯೊ 1638ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಅರಿಸ್ಟಾಟಲನ ಮುಂದಿಟ್ಟ ತೊಡಕು ನಿಮ್ಮ ಮುಂದೆಯೂ ಬರುತ್ತದೆ. ಭಾರವಾದ ಕಲ್ಲು ಬೇಗ ಬೀಳುವುದಾದರೆ, ಅದಕ್ಕೊಂದು ಹಗುರ ಕಲ್ಲನ್ನು ಕಟ್ಟಿದಾಗ ಆ ಹಗುರ ಕಲ್ಲು ಅದನ್ನು ಹಿಡಿದೆಳೆದು ನಿಧಾನಗೊಳಿಸಬೇಕು; ಆದರೆ ಎರಡೂ ಸೇರಿ ಇನ್ನಷ್ಟು ಭಾರವಾಗಿರುವುದರಿಂದ ಇನ್ನಷ್ಟು ಬೇಗ ಬೀಳಲೂ ಬೇಕು. ನಿಮ್ಮ ಲೋಕದಲ್ಲಿ ಈ ತೊಡಕು ಬೇರೊಂದು ರೂಪ ತಾಳುತ್ತದೆ: ಬೆರೆತ ವಸ್ತುವಿನ ಋಣ ಯಾರಿಗೆ ಸಲ್ಲಬೇಕು? ಒಂದು ಊರಿನ ಜೇಡಿಮಣ್ಣನ್ನು ಇನ್ನೊಂದು ಊರಿನ ನೀರಿನಲ್ಲಿ ಕಲಸಿ, ಮೂರನೆಯ ಊರಿನ ಆವಿಗೆಯಲ್ಲಿ ಸುಟ್ಟ ಮಡಕೆ ಎಲ್ಲಿ ಹುಟ್ಟಿತು?

ಒಂದೊಂದು ಕಣವೂ ತನ್ನ ಋಣವನ್ನು ತಾನೇ ಹೊರುತ್ತದೆ ಎಂದು ತೀರ್ಮಾನಿಸಿಬಿಡಿ ಎಂಬುದು ನನ್ನ ಸಲಹೆ. ಆಗ ಭಾರಗಳನ್ನು ಸುಮ್ಮನೆ ಕೂಡಿದರೆ ಸಾಕು, ಕಟ್ಟಿದ ಕಲ್ಲುಗಳ ಗೋಜಲು ಉಳಿಯುವುದಿಲ್ಲ. ಜೊತೆಗೆ ನಿಮಗೆ ಪುಕ್ಕಟೆಯಾಗಿ ಒಂದು ಕಥೆಯೂ ಸಿಗುತ್ತದೆ. ಪರದೇಶಕ್ಕೆ ಬಂದವನು ಮೊದಲ ವರ್ಷ ಕಾಲೆಳೆದುಕೊಂಡು ನಡೆಯುತ್ತಾನೆ. ಅಲ್ಲಿನ ಅನ್ನ ಉಂಡು, ನೀರು ಕುಡಿದು, ಮೈಯ ಕಣಕಣವೂ ಬದಲಾಗುತ್ತ ಬಂದಂತೆ ಹಗುರಾಗುತ್ತಾನೆ. ಕೊನೆಗೊಮ್ಮೆ ತವರಿಗೆ ಮರಳಿದಾಗ ಅಲ್ಲಿಯೇ ಅವನ ಕಾಲು ಭಾರವಾಗುತ್ತದೆ.

ಇನ್ನು ದಿಕ್ಕಿನ ಮಾತು. ಋಣ ಹುಟ್ಟಿದೂರಿನ ಕಡೆಗೇ ಎಳೆಯುವುದಾದರೆ ಆ ಎಳೆತ ನೇರ ಕೆಳಕ್ಕಲ್ಲದೆ ಪಕ್ಕಕ್ಕೂ ಇರುತ್ತದೆ. ಪಕ್ಕದ ಎಳೆತ ಭಾರದ ನೂರರಲ್ಲಿ ಒಂದು ಪಾಲಿದ್ದರೂ, ಗೋಡೆಯ ನೇರ ನೋಡಲು ಇಳಿಬಿಡುವ ಒಂದು ಮೀಟರ್ ಉದ್ದದ ದಾರದ ತುದಿಯ ಗುಂಡು 1 ಸೆಂಟಿಮೀಟರ್ ಸರಿದು ನಿಲ್ಲುತ್ತದೆ. ಹತ್ತರಲ್ಲಿ ಒಂದು ಪಾಲಾದರೆ ದಾರ ಸುಮಾರು 6 ಡಿಗ್ರಿ ವಾಲುತ್ತದೆ. ತವರಿನತ್ತ ಹೊರಟ ಗಾಡಿಗೆ ಸಮತಟ್ಟಾದ ದಾರಿಯೂ ಇಳಿಜಾರಾಗುತ್ತದೆ, ಹೊರನಾಡಿನ ಕಲ್ಲಿನಿಂದ ಕಟ್ಟಿದ ಗುಡಿ ವರ್ಷಗಳಲ್ಲಿ ಒಂದೇ ಕಡೆಗೆ ಬಿರುಕು ಬಿಡುತ್ತದೆ. ಇದು ಬೇಡವೆನಿಸಿದರೆ ಋಣ ಕೆಳಗಿನ ಎಳೆತವನ್ನು ಮಾತ್ರ ಹೆಚ್ಚಿಸುತ್ತದೆ ಎಂದಿಟ್ಟುಕೊಳ್ಳಿ. ನಾನಾಗಿದ್ದರೆ ಆ ಗುಡಿಯನ್ನು ಬಿಟ್ಟುಕೊಡುತ್ತಿರಲಿಲ್ಲ.

ಸಿದ್ಧಾಂತವನ್ನು ಪಂಡಿತರ ಬಾಯಿಂದ ಹೇಳಿಸುವ ಮೊದಲು ಸಂತೆಯ ತಕ್ಕಡಿಯಲ್ಲಿ ತೋರಿಸಿ. ಪರಊರಿನ ವರ್ತಕನೊಬ್ಬ ಧಾನ್ಯ ಕೊಳ್ಳಲು ಬರುತ್ತಾನೆ. ಒಂದು ತಟ್ಟೆಯಲ್ಲಿ ಅವನು ತಂದ ಕಬ್ಬಿಣದ ಬಟ್ಟು, ಇನ್ನೊಂದರಲ್ಲಿ ರೈತನ ಧಾನ್ಯ. ಬಟ್ಟು ತವರಿನಿಂದ ದೂರ ಬಂದಿರುವುದರಿಂದ ಹೆಚ್ಚು ತೂಗುತ್ತದೆ, ಮುಳ್ಳು ನೇರ ನಿಲ್ಲಬೇಕಾದರೆ ರೈತ ಇನ್ನೆರಡು ಬೊಗಸೆ ಸುರಿಯಬೇಕಾಗುತ್ತದೆ. ಅದೇ ವರ್ತಕ ತನ್ನೂರಿನ ಉಪ್ಪನ್ನು ಅದೇ ಬಟ್ಟಿನಲ್ಲಿ ತೂಗಿ ಮಾರಿದಾಗ ಮೋಸವಿಲ್ಲ, ಏಕೆಂದರೆ ಬಟ್ಟೂ ಉಪ್ಪೂ ಸಮನಾಗಿ ಭಾರವಾಗಿವೆ. ಬಟ್ಟು ಆಯಾ ಊರಿನ ಅದಿರಿನದೇ ಆಗಿರಬೇಕೆಂಬ ಕಟ್ಟಳೆ ಅಲ್ಲಿ ಎಂದೋ ಹುಟ್ಟಿರುತ್ತದೆ.

ಭಾರ ಹೆಚ್ಚಿದರೂ ಜಡತ್ವ, ಅಂದರೆ ತನ್ನ ಚಲನೆ ಬದಲಾಗುವುದಕ್ಕೆ ವಸ್ತು ಒಡ್ಡುವ ತಡೆ, ಹಾಗೆಯೇ ಉಳಿಯುತ್ತದೆಯೇ ಎಂಬುದನ್ನೂ ನೀವು ನಿರ್ಧರಿಸಬೇಕು. ಉಳಿಯುತ್ತದೆ ಎಂದರೆ, 5 ಮೀಟರ್ ಎತ್ತರದಿಂದ ಬಿಟ್ಟ ಊರಿನ ಕಲ್ಲು ಸುಮಾರು 1 ಸೆಕೆಂಡಿನಲ್ಲೂ ಇಮ್ಮಡಿ ಭಾರವಾದ ಪರದೇಶದ ಕಲ್ಲು ಸುಮಾರು 0.7 ಸೆಕೆಂಡಿನಲ್ಲೂ ನೆಲ ಮುಟ್ಟುತ್ತವೆ; ಪರದೇಶಕ್ಕೆ ಒಯ್ದ ಲೋಲಕದ ಗಡಿಯಾರವೂ ಮುಂದೆ ಓಡುತ್ತದೆ. ನಮ್ಮ ಲೋಕದಲ್ಲೇ 1672ರಲ್ಲಿ ಜಾನ್ ರಿಶೇ ಎಂಬ ಫ್ರೆಂಚ್ ಖಗೋಳಜ್ಞ ಪ್ಯಾರಿಸ್ಸಿನಿಂದ ಸಮಭಾಜಕದ ಬಳಿಯ ಕಾಯೆನ್‌ಗೆ ಹೋದಾಗ ಗಡಿಯಾರ ದಿನಕ್ಕೆ ಸುಮಾರು ಎರಡೂವರೆ ನಿಮಿಷ ಹಿಂದೆ ಬೀಳುವುದನ್ನು ಕಂಡಿದ್ದ. ಅಲ್ಲಿ ಗುರುತ್ವ ಕಡಿಮೆಯಾಗಿದ್ದುದು ನೂರರಲ್ಲಿ ಅರ್ಧ ಪಾಲಿಗಿಂತಲೂ ಕಡಿಮೆ.

ಕಾಲ ಕಳೆದಂತೆ ಭಾರ ಏರುತ್ತದೆ ಎಂಬ ನಿಯಮ ಮಾತ್ರ ನಿಜಕ್ಕೂ ಅಪಾಯಕಾರಿ. 1 ಕಿಲೋಗ್ರಾಂ ಕಲ್ಲನ್ನು 10 ಮೀಟರ್ ಎತ್ತಲು ಸುಮಾರು 98 ಜೂಲ್ ಶಕ್ತಿ ಬೇಕು. ಅದನ್ನು ಅಟ್ಟದ ಮೇಲಿಟ್ಟು, ಭಾರ ಹತ್ತರಲ್ಲೊಂದು ಪಾಲು ಏರಿದ ಮೇಲೆ ಇಳಿಸಿದರೆ ಸುಮಾರು 108 ಜೂಲ್ ದೊರೆಯುತ್ತದೆ. ಕಲ್ಲನ್ನು ತವರಿನ ಮಣ್ಣಿಗೆ ಮುಟ್ಟಿಸಿ ಋಣ ತೀರಿಸಿದರೆ ಮತ್ತೆ ಹಗುರ, ಮತ್ತೆ ಎತ್ತಬಹುದು. ಕೊನೆಯಿಲ್ಲದೆ ತಿರುಗುವ ಗಿರಣಿ ಇಷ್ಟರಲ್ಲೇ ಸಿದ್ಧವಾಯಿತು. ಹಿಂದೆ ನಾನು ಬರೆದ ಒಂದು ಕಥೆಯಲ್ಲಿ ಇಂಥದೇ ತೂತನ್ನು ಗಮನಿಸದೆ ಬಿಟ್ಟಿದ್ದೆ. ಮೊದಲು ಓದಿದ ಗೆಳೆಯ ಎರಡೇ ನಿಮಿಷದಲ್ಲಿ ಅದನ್ನು ಹಿಡಿದು, ಇಲ್ಲಿ ಎತ್ತುಗಳನ್ನು ಏಕೆ ಸಾಕುತ್ತಾರೆ ಎಂದು ಕೇಳಿದ್ದ. ನೀವು ಕಾಲದ ನಿಯಮವನ್ನು ಕೈಬಿಟ್ಟು ದೂರವನ್ನಷ್ಟೇ ಉಳಿಸಿಕೊಳ್ಳಿ (ಆಗ ತವರಿನತ್ತ ಪಕ್ಕದ ಎಳೆತವೂ ಇರಬೇಕು, ಇಲ್ಲದಿದ್ದರೆ ಕಲ್ಲನ್ನು ತವರಿನಲ್ಲಿ ಎತ್ತಿ ದೂರದಲ್ಲಿ ಇಳಿಸಿದರೂ ಇದೇ ಗಿರಣಿ), ಇಲ್ಲವೇ ಗಿರಣಿಯನ್ನು ಒಪ್ಪಿಕೊಂಡು, ಅದು ಉತ್ಪಾದಿಸುವ ಶಕ್ತಿಗೆ ಆ ಮಣ್ಣು ಏನು ಬೆಲೆ ತೆರುತ್ತದೆ ಎಂಬುದನ್ನು ಬರೆಯಿರಿ.

ಚಂದ್ರನನ್ನೂ ಮರೆಯಬೇಡಿ. ನಮ್ಮ ಚಂದ್ರ ಪ್ರತಿ ಸೆಕೆಂಡಿಗೆ ಸುಮಾರು 1.4 ಮಿಲಿಮೀಟರ್‌ನಷ್ಟು ಭೂಮಿಯತ್ತ ಬೀಳುತ್ತಲೇ ಇದ್ದಾನೆ. ಅಷ್ಟರಲ್ಲಿ ಪಕ್ಕಕ್ಕೆ ಸುಮಾರು 1 ಕಿಲೋಮೀಟರ್ ಸಾಗುವುದರಿಂದ ನೆಲ ಮುಟ್ಟುವುದಿಲ್ಲ. ನಿಮ್ಮ ಚಂದ್ರ ಆ ನೆಲದಲ್ಲಿ ಹುಟ್ಟಿದವನಾದರೆ ಅವನಷ್ಟು ದೊಡ್ಡ ಸಾಲಗಾರ ಬೇರೊಬ್ಬನಿಲ್ಲ. ಹುಟ್ಟದವನಾದರೆ ಅವನು ಅಲ್ಲೇ ಏಕೆ ಸುತ್ತುತ್ತಿದ್ದಾನೆ ಎಂಬುದಕ್ಕೆ ನಿಮ್ಮ ಪಂಡಿತರ ಬಳಿ ಒಂದು ಉತ್ತರ ಇರಬೇಕು. ಅದು ತಪ್ಪು ಉತ್ತರವಾಗಿದ್ದರೂ ಅಡ್ಡಿಯಿಲ್ಲ, ತಪ್ಪೆಂದು ನಿಮಗೆ ಗೊತ್ತಿದ್ದರಾಯಿತು.