ಪ್ರೋಮೋಗೆ ಮುನ್ನೆಚ್ಚರಿಕೆ ಇರುವುದಿಲ್ಲ

(ಗುರುತು ಸಿಗದಂತೆ ಹೆಸರು, ಊರು ಮತ್ತು ಕುಟುಂಬದ ವಿವರಗಳನ್ನು ಬದಲಿಸಲಾಗಿದೆ. ಬರೆಯಲು ಅವರ ಒಪ್ಪಿಗೆ ಇದೆ.)

ಇವರನ್ನು ಸುಮಾ ಎಂದು ಕರೆಯೋಣ. ವಯಸ್ಸು ನಲವತ್ತರ ಹತ್ತಿರ, ಜಿಲ್ಲಾ ಕೇಂದ್ರವೊಂದರಲ್ಲಿ ಪ್ರೌಢಶಾಲಾ ಶಿಕ್ಷಕಿ. ಮನೆಯಲ್ಲಿ ಗಂಡ, ಮಗ, ಅತ್ತೆ. ನಿದ್ದೆ ಹತ್ತುವುದಿಲ್ಲ, ರಾತ್ರಿ ಎದ್ದೆದ್ದು ಸಿಲಿಂಡರಿನ ರೆಗ್ಯುಲೇಟರ್ ಮುಟ್ಟಿ ನೋಡುತ್ತೇನೆ ಎನ್ನುತ್ತಾ ಸಲಹೆ ಕೇಳಿ ನನ್ನ ಬಳಿ ಬಂದರು. ಯಾವಾಗಿನಿಂದ ಹೀಗೆ ಎಂದು ಕೇಳಿದಾಗ ತಲೆ ತಗ್ಗಿಸಿ, "ಒಂದು ಧಾರಾವಾಹಿಯ ಪ್ರೋಮೋ ಶುರುವಾದಾಗಿನಿಂದ ಮೇಡಂ" ಎಂದರು. ಟಿವಿ ನೋಡಿ ಹೀಗಾಗಿದೆ ಎಂದು ಹೇಳಿಕೊಳ್ಳಲು ಅವರಿಗೆ ಬಹಳ ನಾಚಿಕೆಯಾಗಿತ್ತು.

ಪ್ರೋಮೋದಲ್ಲಿ ನಾಯಕಿಯ ಸೆರಗಿಗೆ ಬೆಂಕಿ ಹತ್ತುತ್ತದೆ. ಅದೇ ಕ್ಷಣವನ್ನು ನಿಧಾನಗತಿಯಲ್ಲಿ ಮತ್ತೆ ಮತ್ತೆ ತೋರಿಸಿ, ನಡುನಡುವೆ ಮನೆಯವರ ಮುಖಗಳನ್ನು ಒಂದೊಂದಾಗಿ ಹತ್ತಿರಕ್ಕೆ ತರುತ್ತಾರೆ. ವಾರವಿಡೀ ಜಾಹೀರಾತಿನ ಪ್ರತಿ ವಿರಾಮದಲ್ಲೂ ಇದೇ. ಅತ್ತೆಯವರು ಹಾಲ್‌ನಲ್ಲಿ ಅಡುಗೆ ಕಾರ್ಯಕ್ರಮ ನೋಡುತ್ತಿದ್ದರೂ ಅದರ ಮಧ್ಯೆ ಬೆಂಕಿ ಬರುತ್ತದೆ. ಸುಮಾ ಅಡುಗೆಮನೆಯಲ್ಲಿ ಈರುಳ್ಳಿ ಹೆಚ್ಚುತ್ತಿದ್ದರೂ ಆ ಸಂಗೀತ ಕಿವಿಗೆ ಬಿದ್ದರೆ ಸಾಕು, ಕೈ ತಣ್ಣಗಾಗುತ್ತದೆ. ಮನೆಯಲ್ಲಿ ಸೀಮೆಎಣ್ಣೆಯೇ ಇಲ್ಲದಿದ್ದರೂ ಮೂಗಿಗೆ ಅದರ ವಾಸನೆ ಬಡಿಯುತ್ತದೆ.

ಎರಡನೆಯ ಭೇಟಿಯಲ್ಲಿ ಅಕ್ಕನ ವಿಷಯ ಹೊರಬಂತು. ಸುಮಾ ಪಿಯುಸಿ ಓದುತ್ತಿದ್ದಾಗ ಅಕ್ಕ ಗಂಡನ ಮನೆಯಲ್ಲಿ ಸುಟ್ಟಗಾಯಗಳಿಂದ ತೀರಿಕೊಂಡರು. ಸ್ಟೌ ಸಿಡಿಯಿತು ಎಂದು ಗಂಡನ ಕಡೆಯವರು ಹೇಳಿದರು. ತವರಿನವರೂ ಅದನ್ನೇ ಹೇಳುತ್ತಾ ಬಂದರು. ಕರ್ನಾಟಕದಲ್ಲಿ ಈ ಮಾತು ಕೇಳದವರು ಕಡಿಮೆ. ಬೆಂಗಳೂರಿನ ಮಹಿಳಾ ಸಂಘಟನೆ ವಿಮೋಚನಾ 1990ರ ದಶಕದಲ್ಲಿ ಮಹಿಳೆಯರ ಅಸಹಜ ಸಾವುಗಳ ಬೆನ್ನು ಹತ್ತಿದಾಗ, ಎಷ್ಟೋ ಪ್ರಕರಣಗಳು ಅಡುಗೆಮನೆಯ ಆಕಸ್ಮಿಕ ಎಂದು ಮುಚ್ಚಿಹೋಗಿದ್ದನ್ನು ಬೆಳಕಿಗೆ ತಂದಿತ್ತು. ಅಕ್ಕನ ಕೊನೆಯ ದಿನಗಳಲ್ಲಿ ಆಸ್ಪತ್ರೆಯಲ್ಲಿ ಜೊತೆಗಿದ್ದವರು ಸುಮಾ. ಗಾಯಕ್ಕೆ ಅಂಟಿಕೊಳ್ಳದಿರಲಿ ಎಂದು ಅಲ್ಲಿ ಬಾಳೆಎಲೆ ಹಾಸುತ್ತಿದ್ದರು. ಅಂದಿನಿಂದ ಅವರು ಬಾಳೆಎಲೆಯಲ್ಲಿ ಉಂಡಿಲ್ಲ. ಮದುವೆಮನೆಗೆ ಹೋದರೂ ಪಂಕ್ತಿಗೆ ಕೂರುವ ಮೊದಲೇ ಏನೋ ನೆಪ ಹೇಳಿ ಹೊರಟುಬಿಡುತ್ತಾರೆ. ಇದು ಗಂಡನಿಗೂ ಗೊತ್ತಿರಲಿಲ್ಲ.

ನನ್ನ ಪ್ರಕಾರ ಈ ಪ್ರಕರಣದ ತಿರುಳು ಆ ಬಾಳೆಎಲೆಯಲ್ಲಿದೆ. ಯಾವ ವಾಹಿನಿಯೂ "ಈ ಕಂತಿನಲ್ಲಿ ಬಾಳೆಎಲೆ ಊಟವಿದೆ" ಎಂದು ಎಚ್ಚರಿಸಲಾರದು. ನೋವಿನ ನೆನಪನ್ನು ಕೆರಳಿಸುವ ಸಂಗತಿ ಒಬ್ಬೊಬ್ಬರಿಗೆ ಒಂದೊಂದು. ಅದನ್ನೆಲ್ಲ ಪಟ್ಟಿ ಮಾಡಲು ಸಾಧ್ಯವಿಲ್ಲ. ಆದರೆ ಬೆಂಕಿ, ನೇಣು, ಅತ್ಯಾಚಾರ, ಮಗುವಿನ ಮೇಲಿನ ದೌರ್ಜನ್ಯ ಎಂದು ಮೊದಲೇ ಹೇಳುವುದು ಖಂಡಿತ ಸಾಧ್ಯ. ಒಟಿಟಿಗೆ 2021ರ ಮಾಹಿತಿ ತಂತ್ರಜ್ಞಾನ (ಐಟಿ) ನಿಯಮಗಳು ಇದನ್ನು ಕಡ್ಡಾಯ ಮಾಡಿವೆ: ಯು/ಎ 7+, 13+, 16+ ಎಂಬ ವಯೋಮಿತಿಯ ಜೊತೆಗೆ ಒಳಗೆ ಏನಿದೆ ಎಂಬ ಸೂಚನೆಯೂ ಆರಂಭದಲ್ಲೇ ಕಾಣಬೇಕು. ಟಿವಿ ಧಾರಾವಾಹಿಗೆ ಇಂಥ ವರ್ಗೀಕರಣವಿಲ್ಲ. ಸಿಗರೇಟು ಕಂಡರೆ ಮೂಲೆಯಲ್ಲಿ ಸಾಲು ಮೂಡುತ್ತದೆ, ಹೆಣ್ಣೊಬ್ಬಳು ಉರಿಯುವಾಗ ಮೂಡುವುದಿಲ್ಲ. ಕಂತಿನ ಮೊದಲು ಎಚ್ಚರಿಕೆ ಹಾಕಿದರೂ ಪ್ರೋಮೋ ಅದನ್ನು ದಾಟಿ ನೇರ ಒಳಗೆ ಬರುತ್ತದೆ. ನೋಡಬೇಕೋ ಬೇಡವೋ ಎಂದು ತೀರ್ಮಾನಿಸುವ ಒಂದು ಗಳಿಗೆಯೂ ಸುಮಾಗೆ ಸಿಕ್ಕಿರಲಿಲ್ಲ. ನನಗೆ ಸಿಟ್ಟು ಬರುವುದು ಇಲ್ಲೇ.

"ಹಾಗಾದರೆ ಎಚ್ಚರಿಕೆ ಇರುವುದನ್ನಷ್ಟೇ ನೋಡಲೇ? ಟಿವಿಯನ್ನೇ ಬಿಡಲೇ?" ಎಂದು ಸುಮಾ ಕೇಳಿದರು. ಎರಡೂ ಬೇಡ ಎಂದೆ. ಎಚ್ಚರಿಕೆಯ ಸಾಲು ಔಷಧಿಯಲ್ಲ. ಈ ಕುರಿತ ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದ ವಿಶ್ಲೇಷಣೆಯೊಂದು 2023ರಲ್ಲಿ ಕ್ಲಿನಿಕಲ್ ಸೈಕಲಾಜಿಕಲ್ ಸೈನ್ಸ್ ಪತ್ರಿಕೆಯಲ್ಲಿ ಬಂತು. ಎಚ್ಚರಿಕೆ ಓದಿದವರಿಗೆ ನೋಡುವಾಗಿನ ಸಂಕಟ ಕಡಿಮೆಯಾಗಲಿಲ್ಲ, ನೋಡುವ ಮುಂಚಿನ ಆತಂಕ ಮಾತ್ರ ಹೆಚ್ಚಿತು ಎಂದು ಅದು ಹೇಳುತ್ತದೆ. ಹಾಗಿದ್ದೂ ನಾನು ಎಚ್ಚರಿಕೆಯ ಪರ. ಮುಂದೆ ಏನಿದೆ ಎಂದು ತಿಳಿದುಕೊಳ್ಳುವುದು ನೋಡುಗರ ಹಕ್ಕು. ಅದು ಗುಣಪಡಿಸುತ್ತದೆ ಎಂದು ನಂಬಿ ಕೂರಬಾರದು, ಅಷ್ಟೇ.

ಸುಮಾ ಅವರ ವಿಷಯದಲ್ಲಿ ನನಗೆ ಹೆಚ್ಚು ಕಳವಳವಾದದ್ದು ಅವರು ದೂರ ಸರಿಯುತ್ತಿದ್ದ ರೀತಿ. ಮೊದಲು ಹಾಲ್ ಬಿಟ್ಟರು, ಆಮೇಲೆ ಮನೆಯವರ ಜೊತೆ ಕೂತು ಉಣ್ಣುವುದನ್ನು ಬಿಟ್ಟರು, ಈಗ ಒಲೆ ಹಚ್ಚಲು ಗಂಡನನ್ನು ಕರೆಯುತ್ತಿದ್ದರು. ತಪ್ಪಿಸಿಕೊಂಡಾಗ ಸಿಗುವ ನಿರಾಳ ನಿಜವಾದದ್ದೇ. ಆದರೆ ಪ್ರತಿ ಸಲವೂ ಅದು ಭಯಕ್ಕೆ ಇನ್ನೊಂದು ಕೋಣೆ ಬಿಟ್ಟುಕೊಡುತ್ತದೆ.

ಆದ್ದರಿಂದ ಮೊದಲು ತತ್ಕಾಲಕ್ಕೆ ಬೇಕಾದದ್ದನ್ನು ಕಲಿಸಿದೆ. ವಾಸನೆ ಬಡಿದಾಗ ಎರಡೂ ಪಾದಗಳನ್ನು ನೆಲಕ್ಕೆ ಒತ್ತಬೇಕು, ಮಣಿಕಟ್ಟಿಗೆ ತಣ್ಣೀರು ಬಿಟ್ಟುಕೊಳ್ಳಬೇಕು, ಕಣ್ಣಿಗೆ ಕಾಣುವ ಐದು ವಸ್ತುಗಳ ಹೆಸರು ಹೇಳಬೇಕು, ಇಂದಿನ ತಾರೀಖನ್ನು ಬಾಯಿಬಿಟ್ಟು ಉಚ್ಚರಿಸಬೇಕು. ರೆಗ್ಯುಲೇಟರ್ ಅನ್ನು ಮಲಗುವ ಮುಂಚೆ ಒಂದೇ ಸಲ, ಗಂಡನ ಎದುರು ನೋಡುವುದು. ಆಮೇಲೆ ಮತ್ತೆ ನೋಡಬೇಕೆನಿಸಿದರೆ ಎದ್ದು ಹೋಗದೆ ಆ ತಳಮಳ ತಾನಾಗಿ ಇಳಿಯುವವರೆಗೆ ಕಾಯುವುದು. ಆಘಾತದ ನೆನಪಿಗಾಗಿಯೇ ಇರುವ ಮನಶ್ಚಿಕಿತ್ಸೆಗೆ ನಾನೊಬ್ಬಳೇ ಸಾಲುವುದಿಲ್ಲ, ಹಾಗಾಗಿ ಚಿಕಿತ್ಸಾ ಮನಶ್ಶಾಸ್ತ್ರಜ್ಞರ ಬಳಿಗೂ ಕಳುಹಿಸಿದೆ. ಭೇಟಿಗಳ ನಡುವೆ ತೀರಾ ಕಷ್ಟವಾದರೆ ಎಂದು ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ ಸಂಖ್ಯೆ 14416 ಬರೆದುಕೊಟ್ಟೆ. ಕನ್ನಡದಲ್ಲೇ ಮಾತನಾಡಬಹುದು, ಹಗಲು ರಾತ್ರಿ ಯಾವಾಗ ಬೇಕಾದರೂ.

ಬಳಿಕ ಅತ್ತೆಯವರನ್ನು ಕರೆಸಲು ಸುಮಾ ಒಪ್ಪಿದರು. ಅತ್ತೆ ಒಳ್ಳೆಯವರು, ಆದರೆ "ಅದು ಬರೀ ನಾಟಕವಮ್ಮ, ಆ ಹುಡುಗಿ ನಾಳೆ ಎದ್ದು ಬರುತ್ತಾಳೆ" ಎಂದು ಸಮಾಧಾನ ಮಾಡುತ್ತಿದ್ದವರು. ಸುಮಾ ಅವರ ಕಡೆ ತಿರುಗಿ, "ಅದೇ ಅತ್ತೆ, ನಮ್ಮ ಅಕ್ಕ ಎದ್ದು ಬರಲಿಲ್ಲ" ಎಂದರು. ಧಾರಾವಾಹಿಗಳ ಮೇಲೆ ನನ್ನ ದೊಡ್ಡ ತಕರಾರೂ ಇದೇ. ಬೆಂಕಿಗೆ ಒಂದು ವಾರ, ಗಾಯಕ್ಕೆ ಒಂದು ಬ್ಯಾಂಡೇಜು. ಪ್ಲಾಸ್ಟಿಕ್ ಸರ್ಜರಿ ಎಂದು ಹೇಳಿ ಹೊಸ ನಟಿಯನ್ನು ತರುವುದೂ ಉಂಟು. ಡ್ರೆಸ್ಸಿಂಗ್ ಬದಲಿಸುವಾಗಿನ ಕೂಗು, ಚರ್ಮ ಕಸಿ, ಬಿಗಿದುಕೊಂಡು ಮಡಚಲಾಗದ ಬೆರಳುಗಳು, ಪೊಲೀಸರ ಮುಂದೆ ಬದಲಾದ ಹೇಳಿಕೆ, ಇವು ಯಾವುದಕ್ಕೂ ಅಲ್ಲಿ ಕಂತುಗಳಿಲ್ಲ. ಬೆಂಕಿಯನ್ನು ತೋರಿಸಲೇಬಾರದು ಎಂದು ನಾನು ಹೇಳುವುದಿಲ್ಲ. ಉರಿಯುವುದನ್ನು ತೋರಿಸಿದವರು ಆ ನಂತರದ್ದನ್ನೂ ಹೇಳಲಿ ಎನ್ನುತ್ತೇನೆ.

ಅತ್ತೆಯವರು ಬಹಳ ಹೊತ್ತು ಮಾತನಾಡಲಿಲ್ಲ. ಆಮೇಲೆ ತಾವೇ ಒಂದು ದಾರಿ ಹೇಳಿದರು: "ನಾನು ಮೊದಲು ನೋಡುತ್ತೇನೆ. ಅಂಥದ್ದೇನಾದರೂ ಇದ್ದರೆ ನಿನಗೆ ಹೇಳುತ್ತೇನೆ. ನೋಡುವುದು ಬಿಡುವುದು ನಿನ್ನಿಷ್ಟ." ಪ್ರೋಮೋ ಬಂದರೆ ಧ್ವನಿ ಅಡಗಿಸುವ ಕೆಲಸ ಮೊಮ್ಮಗನ ಪಾಲಿಗೆ ಬಂತು. ಪರದೆಯ ಮೇಲಿನ ಯಾವ ಸಾಲೂ ಇಷ್ಟು ಕರಾರುವಾಕ್ಕಾಗಿ ಎಚ್ಚರಿಸಲಾರದು.

ಸುಮಾ ವಾಹಿನಿಗೆ ದೂರನ್ನೂ ಬರೆದಿದ್ದಾರೆ. ಕೇಬಲ್ ಟಿವಿ ನಿಯಮಗಳಿಗೆ 2021ರಲ್ಲಿ ಆದ ತಿದ್ದುಪಡಿಯಂತೆ ವಾಹಿನಿ ದೂರು ಬಂದ 24 ಗಂಟೆಯೊಳಗೆ ಸ್ವೀಕೃತಿ ಕೊಡಬೇಕು, 15 ದಿನದೊಳಗೆ ಇತ್ಯರ್ಥ ಮಾಡಬೇಕು. ಉತ್ತರ ಸಮಾಧಾನ ತರದಿದ್ದರೆ ವಾಹಿನಿಗಳ ಸ್ವಯಂ ನಿಯಂತ್ರಣ ಸಂಸ್ಥೆಗೆ ಮೇಲ್ಮನವಿ ಹೋಗಬಹುದು. ಅವರು ಕೇಳಿರುವುದು ಧಾರಾವಾಹಿ ನಿಲ್ಲಿಸಿ ಎಂದಲ್ಲ. ಕಂತಿನ ಮೊದಲು ಬೆಂಕಿ ಅವಘಡದ ದೃಶ್ಯವಿದೆ ಎಂದು ಕನ್ನಡದಲ್ಲಿ ಬರೆಯಿರಿ, ಆ ದೃಶ್ಯವನ್ನು ಪ್ರೋಮೋದಿಂದ ತೆಗೆಯಿರಿ ಎಂದು. ದೂರಿನ ಕೊನೆಯಲ್ಲಿ ಅಕ್ಕನ ವಿಷಯವನ್ನೂ ಸೇರಿಸಿದ್ದಾರೆ. ಸ್ಟೌ ಸಿಡಿದು ಎಂಬ ಮಾತನ್ನು ಅದರಲ್ಲಿ ಬಳಸಿಲ್ಲ.