ಸ್ಪಿತಿಗೆ ಯಾವ ದಾರಿ?

ಪ್ರಶ್ನೆ: ಅರವತ್ತು ದಾಟಿರುವ ನಾನು ಮಾರ್ಗದರ್ಶಕರಿರುವ ತಂಡದೊಂದಿಗೆ ಹಿಮಾಚಲ ಪ್ರದೇಶದ ಸ್ಪಿತಿ ಕಣಿವೆಗೆ ಹೋಗಬೇಕೆಂದಿದ್ದೇನೆ. ಮನಾಲಿಯ ಹತ್ತಿರದ ದಾರಿ ಒಳ್ಳೆಯದೋ, ಶಿಮ್ಲಾದ ಸುತ್ತು ದಾರಿಯೋ?
— ಓದುಗರೊಬ್ಬರು, ಧಾರವಾಡ

ಉತ್ತರ: ದಯವಿಟ್ಟು ಶಿಮ್ಲಾದ ದಾರಿಯನ್ನೇ ಆರಿಸಿಕೊಳ್ಳಿ. ಮನಾಲಿಯಿಂದ ಹೊರಟವರು ಸಾಮಾನ್ಯವಾಗಿ ಒಂದೇ ದಿನದಲ್ಲಿ ಸುಮಾರು 4,500 ಮೀಟರ್ ಎತ್ತರದ ಕುಂಜುಮ್ ಘಾಟಿಯನ್ನು ದಾಟಬೇಕಾಗುತ್ತದೆ. ಶಿಮ್ಲಾದಿಂದಾದರೆ ಕಿನ್ನೌರಿನ ಸೇಬಿನ ತೋಟಗಳ ನಡುವೆ ಸಾಗಿ, ಕಲ್ಪಾ, ತಾಬೋಗಳಲ್ಲಿ ತಂಗುತ್ತ ಹಂತಹಂತವಾಗಿ ಏರುವುದರಿಂದ ತೆಳುವಾದ ಗಾಳಿಗೆ ಮೈ ಒಗ್ಗಿಕೊಳ್ಳಲು ಸಮಯ ಸಿಗುತ್ತದೆ. ಮಳೆಗಾಲದಲ್ಲಿ ಅಲ್ಲಿ ಗುಡ್ಡ ಕುಸಿಯುವುದುಂಟು, ಸೆಪ್ಟೆಂಬರ್ ಲೇಸು. ತಾಬೋದಲ್ಲಿ ಅವಸರಪಡಿಸುವ ತಂಡ ಬೇಡವೇ ಬೇಡ: ಕ್ರಿ.ಶ. 996ರಲ್ಲಿ ಸ್ಥಾಪನೆಯಾದ ಅಲ್ಲಿನ ಮಣ್ಣಿನ ಬೌದ್ಧ ವಿಹಾರದೊಳಗೆ ಕಣ್ಣು ಮಬ್ಬುಗತ್ತಲೆಗೆ ಹೊಂದಿಕೊಂಡ ಮೇಲಷ್ಟೇ ಗೋಡೆಯ ಚಿತ್ರಗಳು ಒಂದೊಂದಾಗಿ ಕಾಣತೊಡಗುತ್ತವೆ. ತಲೆನೋವು, ವಾಕರಿಕೆ ಶುರುವಾದರೆ ಮೇಲೇರಕೂಡದು. ಉಲ್ಬಣಿಸಿದರೆ ತಡಮಾಡದೆ ಕೆಳಗಿಳಿಯಬೇಕು. ಹೊರಡುವ ಮುನ್ನ ನಿಮ್ಮ ವೈದ್ಯರನ್ನು ಕಾಣಿರಿ. ಮುಂಗಡ ಕೊಡುವ ಮೊದಲು, ವಾಹನದಲ್ಲಿ ಆಮ್ಲಜನಕದ ಸಿಲಿಂಡರ್ ಇರುತ್ತದೆಯೇ ಎಂದು ವಿಚಾರಿಸಿ.