ಮೂರೇ ಸಿನಿಮಾ ಮಾಡಿದ ಆ ಹುಡುಗ

ಸೋವಿಯತ್ ನಿರ್ದೇಶಕ ಲಿಯೊನಿದ್ ಗೈದಾಯ್ ಅವರ ಹಳೆಯ ಕಾಮಿಡಿಯಲ್ಲಿ ತನ್ನನ್ನು ಕದ್ದೊಯ್ದವರನ್ನೇ ಗೋಳು ಹೊಯ್ದುಕೊಳ್ಳುವ ಹುಡುಗ ಯಾರು, ಮುಂದೇನಾದ ಅಂತ ಕೇಳಿದ್ದೀರಿ. ಅವನ ಹೆಸರು ಸೆರ್ಗೆಯ್ ತಿಖೊನೊವ್. ಸಿನಿಮಾ 1962ರ 'ಡೆಲೊವ್ಯೆ ಲ್ಯೂದಿ'. ಅಮೆರಿಕದ ಕತೆಗಾರ ಓ. ಹೆನ್ರಿಯ ಮೂರು ಕಥೆಗಳು ಅದರಲ್ಲಿವೆ, ಕೊನೆಯದು ಇವನದು.

ಕದ್ದೊಯ್ಯುವ ಇಬ್ಬರಲ್ಲಿ ಒಬ್ಬರಾದ ನಟ ಅಲೆಕ್ಸೆಯ್ ಸ್ಮಿರ್ನೊವ್ ಅಷ್ಟು ದೊಡ್ಡ ಆಳು. ಈ ಪುಟ್ಟ ಹುಡುಗ ಅವರನ್ನು ಕುದುರೆ ಮಾಡಿ ಬೆನ್ನೇರುತ್ತಾನೆ. ಜೊತೆಗಿರುವ ಗೆಯೊರ್ಗಿ ವಿತ್ಸಿನ್ ಕೂಡ ಪಳಗಿದ ನಟ. ಆದರೂ ನಮ್ಮ ಕಣ್ಣು ಹುಡುಗನ ಮೇಲೇ ಇರುತ್ತೆ, ಅಲ್ವಾ? ಕೊನೆಗೆ ಮಗನನ್ನು ವಾಪಸ್ ಕರೆದುಕೊಳ್ಳೋಕೆ ಅಪ್ಪನೇ 250 ಡಾಲರ್ ಕೇಳುತ್ತಾನೆ!

1964ರಲ್ಲಿ ಮಾಲ್ಚಿಷ್-ಕಿಬಾಲ್ಚಿಷ್ ಎಂಬ ಸೋವಿಯತ್ ಮಕ್ಕಳ ಕಥೆಯ ಸಿನಿಮಾದಲ್ಲಿ ಪ್ಲೊಖಿಷ್ ಎಂಬ ಹುಡುಗನಾದ. ಒಂದು ಪೀಪಾಯಿ ಜಾಮ್, ಒಂದು ಬುಟ್ಟಿ ಬಿಸ್ಕತ್ತಿನ ಆಸೆಗೆ ತನ್ನವರನ್ನೇ ಶತ್ರುಗಳಿಗೆ ಒಪ್ಪಿಸುವ ಹೊಟ್ಟೆಬಾಕ. ನನ್ನ ಪ್ರಕಾರ ಅವನ ಅತ್ಯುತ್ತಮ ಪಾತ್ರ ಇದೇ. ಅಂಥ ದ್ರೋಹಿಯನ್ನೂ ನೋಡಿ ನಗು ಬರುತ್ತೆ.

1967ರ 'ದುಬ್ರಾವ್ಕಾ'ದಲ್ಲಿ ಮತ್ತೊಂದು ಪಾತ್ರ. ಅಲ್ಲಿಗೆ ಮುಗಿಯಿತು. 1972ರಲ್ಲಿ ಮಾಸ್ಕೋದಲ್ಲಿ ಟ್ರಾಮ್ ಅಡಿಗೆ ಸಿಕ್ಕಿ ತೀರಿಕೊಂಡ. ಇನ್ನೂ ಚಿಕ್ಕ ವಯಸ್ಸು, ಹುಟ್ಟಿದ್ದು 1950ರಲ್ಲಿ. ತುಂಬಾ ಸಂಕಟವಾಗುತ್ತೆ.

ನೀವು ಮೊದಲನೆಯದನ್ನು ನೋಡಿದ್ದೀರಲ್ಲ, ಈಗ ಪ್ಲೊಖಿಷ್ ಪಾತ್ರವನ್ನು ಖಂಡಿತ ನೋಡಿ.